ರಾಜಕೀಯೇತರ, ರಾಜಕೀಯಾತೀತ, ಪಕ್ಷೇತರ: ಕೊಪ್ಪಳ ಸೀಮೆಯ ಚರಿತ್ರೆಯ ಹಿನ್ನೆಲೆಯಲ್ಲಿ ಕೆಲವು ಶಬ್ದಗಳ ವಿಮರ್ಶೆ

ಹೈದರಾಬಾದು ಸಂಸ್ಥಾನದ ಆಡಳಿತದಲ್ಲಿದ್ದ ಕನ್ನಡ ಜಿಲ್ಲೆಗಳ ಚರಿತ್ರೆಯನ್ನು ಬರೆಯುವವರಲ್ಲಿ ಒಂದು ರೂಢಿ ಬೆಳೆದುಬಂದಿದೆ. ೧೯೪೮ಕ್ಕೆ ಹಿಂದಿನ ಎರಡು ದಶಕಗಳನ್ನು ವಿವರಿಸುವಾಗ ಅವರು ವಿಷಯವನ್ನು ಎರಡು ಅಧ್ಯಾಯಗಳಾಗಿ ಒಡೆಯುತ್ತಾರೆ. ಮೊದಲನೆಯದಕ್ಕೆ "ಸಾಂಸ್ಕೃತಿಕ ಜಾಗೃತಿ" ಎಂದು ಹೆಸರು. ವಾಚನಾಲಯ, ಖಾಸಗಿ ಶಾಲೆ, ನಾಡಹಬ್ಬ, ಸಾಹಿತ್ಯ ಸಮ್ಮೇಳನಗಳೆಲ್ಲ ಅದರೊಳಗೆ ಬರುತ್ತವೆ. ಎರಡನೆಯದು "ರಾಜಕೀಯ ಚಳವಳಿ"; ಸ್ಟೇಟ್ ಕಾಂಗ್ರೆಸ್ಸು, ಸತ್ಯಾಗ್ರಹ, ಗಡಿಯ ಶಿಬಿರಗಳು ಅದಕ್ಕೆ ಸೇರುತ್ತವೆ. ಮೊದಲನೆಯ ಅಧ್ಯಾಯದ ಸಂಸ್ಥೆಗಳನ್ನು ಕುರಿತು "ಇವು ರಾಜಕೀಯೇತರ ಸಂಸ್ಥೆಗಳಾಗಿದ್ದವು" ಎಂಬ ಒಂದು ವಾಕ್ಯ ತಪ್ಪದೆ ಇರುತ್ತದೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ತಾಲ್ಲೂಕುಗಳನ್ನು ಕುರಿತು ವಿದ್ಯಾರ್ಥಿಗಳು ಬರೆದು ತರುವ ಪ್ರಬಂಧಗಳಲ್ಲಿಯೂ ಇದೇ ವಾಕ್ಯ ಬಹುಮಟ್ಟಿಗೆ ಇದೇ ಸ್ಥಾನದಲ್ಲಿ ಕಾಣಬರುತ್ತದೆ. ಈ ಒಂದು ಶಬ್ದವನ್ನು ನಾವು ವಿಚಾರಮಾಡದೆ ಬಳಸುತ್ತಿದ್ದೇವೆಂಬುದೂ, ಅದರಿಂದ ಚರಿತ್ರೆಯ ತಿಳಿವಳಿಕೆಗೆ ಹಾನಿಯಾಗಿದೆಯೆಂಬುದೂ ಪ್ರಸ್ತುತ ಲೇಖನದ ಪ್ರತಿಪಾದನೆ.

ರಾಜಕೀಯದಿಂದ ದೂರವಿರುವುದನ್ನು ಹೇಳಲು ಕನ್ನಡದಲ್ಲಿ ಒಂದೇ ಶಬ್ದವಿಲ್ಲ. ರಾಜಕೀಯೇತರ, ರಾಜಕೀಯಾತೀತ, ಪಕ್ಷೇತರ, ಪಕ್ಷಾತೀತ, ಪಕ್ಷರಹಿತ, ತಟಸ್ಥ ಎಂದು ಹಲವು ಶಬ್ದಗಳುಂಟು. ಬರೆಯುವವರು ಇವುಗಳನ್ನು ಒಂದರ ಬದಲು ಇನ್ನೊಂದನ್ನು ಇಟ್ಟು ಬರೆಯುತ್ತಾರೆ. ವ್ಯಾಕರಣ ಬಲ್ಲವರಿಗೆ ಸಹಜವಾಗಿ ತೋಚುವ "ಅರಾಜಕೀಯ" ಎಂಬ ರೂಪ ಮಾತ್ರ ನಮ್ಮಲ್ಲಿ ನೆಲೆಗೊಳ್ಳಲಿಲ್ಲ. ಅದನ್ನು ಕೇಳಿದ ಕೂಡಲೆ "ಅರಾಜಕ" ಎಂಬ ಹಳೆಯ ಶಬ್ದ ನೆನಪಾಗಿ, ಅರಸನಿಲ್ಲದ ನಾಡಿನ ಕಳವಳವೇ ಕಣ್ಣಮುಂದೆ ನಿಲ್ಲುವುದರಿಂದ ಹೀಗಾಗಿರಬೇಕು. ಉಳಿದವುಗಳಲ್ಲಿ "ಇತರ" ಎಂಬುದು ಬರಿಯ ಬೇರೆತನವನ್ನು ಹೇಳುತ್ತದೆ: ಇದು ಅದಲ್ಲ, ಬೇರೊಂದು. "ಅತೀತ" ಎಂಬುದು ದಾಟಿಹೋದುದನ್ನು ಹೇಳುತ್ತದೆ. ಗುಣಾತೀತ, ದ್ವಂದ್ವಾತೀತ ಎಂಬ ಶಬ್ದಗಳ ನೆರಳಿನಲ್ಲಿ ಬೆಳೆದ ನಮ್ಮ ಕಿವಿಗೆ ಅದರಲ್ಲಿ ಒಂದು ಎತ್ತರವೂ ಕೇಳಿಸುತ್ತದೆ. ರಾಜಕೀಯೇತರವೆನ್ನುವಲ್ಲಿ ಗುಣಸಂಧಿ, ರಾಜಕೀಯಾತೀತವೆನ್ನುವಲ್ಲಿ ಸವರ್ಣದೀರ್ಘ ಸಂಧಿ ಎಂದು ಹೇಳಿ ಕನ್ನಡದ ಅಧ್ಯಾಪಕರು ಮುಂದೆ ಹೋಗಬಹುದು. ಚರಿತ್ರೆಯ ಅಧ್ಯಾಪಕನಾದವನು ಅಲ್ಲಿ ಸ್ವಲ್ಪ ನಿಲ್ಲಬೇಕು. ರಾಜಕೀಯೇತರವೆಂದರೆ ಒಂದು ಕೆಲಸದ ವರ್ಣನೆ. ರಾಜಕೀಯಾತೀತವೆಂದರೆ ಒಂದು ಹಿರಿಮೆಯ ಹಕ್ಕು.

ಇನ್ನು "ರಾಜಕೀಯ"ವೆಂಬ ಮೂಲಶಬ್ದವೇ ನಿಂತಲ್ಲಿ ನಿಂತಿಲ್ಲ. ಪಾಣಿನಿಯ ಸೂತ್ರದಂತೆ ರಾಜನ್ ಶಬ್ದಕ್ಕೆ ಪ್ರತ್ಯಯ ಸೇರಿ ಆದ ಈ ರೂಪಕ್ಕೆ "ಅರಸನಿಗೆ ಸೇರಿದ" ಎಂಬುದೇ ಮೊದಲ ಅರ್ಥ. ಅರಸನ ಭೂಮಿ ರಾಜಕೀಯ, ಅರಸನ ಆಳು ರಾಜಕೀಯ. ಅರಸರು ಹೋಗಿ ಪ್ರಜೆಗಳ ಆಳ್ವಿಕೆ ಬಂದ ಮೇಲೆ ಈ ಶಬ್ದ ಪಕ್ಷಗಳ ಕಾರ್ಯಕ್ಕೆ ಸಂದಿತು. ಈಗ ನಮ್ಮ ಸೀಮೆಯ ಆಡುಮಾತಿನಲ್ಲಿ "ರಾಜಕೀಯ ಮಾಡಬ್ಯಾಡ" ಎಂದರೆ ಮೋಸ ಮಾಡಬೇಡ, ಒಳಗೊಂದು ಹೊರಗೊಂದು ಇಟ್ಟುಕೊಳ್ಳಬೇಡ ಎಂದರ್ಥ. ಮೂಲದ ಅರ್ಥ ಹೀಗೆ ಸರಿದಂತೆಲ್ಲ "ಇತರ"ವೂ "ಅತೀತ"ವೂ ಬೇರೆ ಬೇರೆ ವಸ್ತುಗಳನ್ನು ದೂರವಿಡುತ್ತ ಬಂದಿವೆ. ಒಂದು ಕಾಲದಲ್ಲಿ ರಾಜಕೀಯೇತರವೆಂದರೆ ದೊರೆಯ ಗೊಡವೆಗೆ ಹೋಗದ್ದು. ಇನ್ನೊಂದು ಕಾಲದಲ್ಲಿ ಪಕ್ಷಕ್ಕೆ ಸೇರದ್ದು. ಈಗ ಕೆಲವರ ಬಾಯಲ್ಲಿ ಸ್ವಾರ್ಥವಿಲ್ಲದ್ದು. ೧೯೩೦ರ ಶಬ್ದವನ್ನು ಇಂದಿನ ಅರ್ಥದಲ್ಲಿ ಓದಿದರೆ ಏನಾಗುತ್ತದೆಂಬುದನ್ನು ಮುಂದೆ ನೋಡೋಣ.

ನಿಜಾಮರ ಸಂಸ್ಥಾನದಲ್ಲಿ ಕಚೇರಿಯ ಭಾಷೆ ಉರ್ದು. ಆ ಭಾಷೆಯಲ್ಲಿ ರಾಜಕೀಯಕ್ಕೆ "ಸಿಯಾಸಿ" ಎಂದೂ ರಾಜಕೀಯವಲ್ಲದ್ದಕ್ಕೆ "ಗೈರ್ ಸಿಯಾಸಿ" ಎಂದೂ ಹೆಸರು. ಗೈರುಹಾಜರಿಯ ಪಟ್ಟಿಯನ್ನು ಕೂಗಿಸಿಕೊಂಡು ಬೆಳೆದ ಕನ್ನಡ ವಿದ್ಯಾರ್ಥಿಗಳಿಗೆ "ಗೈರು" ಎಂಬುದರ ಪರಿಚಯವನ್ನು ಬೇರೆ ಮಾಡಿಕೊಡಬೇಕಾಗಿಲ್ಲ. "ಸಿಯಾಸತ್" ಎಂಬುದರ ಮೂಲಾರ್ಥ ಹತೋಟಿಯಲ್ಲಿಡುವುದು. ಕುದುರೆಯನ್ನು ನೋಡಿಕೊಳ್ಳುವ ಸೈಸನ ಹೆಸರೂ ಅದೇ ಅರಬ್ಬೀ ಧಾತುವಿನಿಂದ ಬಂದುದು. ಪಾರಸಿ ಬರಹಗಳಲ್ಲಿ ಅದಕ್ಕೆ ದಂಡನೆಯೆಂಬ ಅರ್ಥವೂ ಉಂಟು. ಹೀಗಿರಲು ಸಂಸ್ಥಾನದ ಪ್ರಜೆಯೊಬ್ಬನು ತನ್ನ ಸಭೆ ಗೈರ್ ಸಿಯಾಸಿ ಎಂದು ಬರೆದುಕೊಟ್ಟರೆ, ಲಗಾಮು ಹಿಡಿದವನ ಕೈಗೆ ತಾನು ಕೈ ಹಾಕುವುದಿಲ್ಲವೆಂದು ಒಪ್ಪಿಕೊಂಡಂತೆ ಆಗುತ್ತಿದ್ದಿತು. ಪಕ್ಷದ ಮಾತು ಅಲ್ಲಿ ಹುಟ್ಟುತ್ತಲೇ ಇರಲಿಲ್ಲ, ಏಕೆಂದರೆ ಪಕ್ಷಗಳೇ ಇರಲಿಲ್ಲ.

ಹಾಗೆ ಒಪ್ಪಿಕೊಳ್ಳಬೇಕಾಗಿ ಬಂದದ್ದು ೧೯೨೯ರ "ಗಶ್ತಿ ನಿಶಾನ್ ೫೩" ಎಂಬ ಸುತ್ತೋಲೆಯಿಂದ. ಸಾರ್ವಜನಿಕ ಸಭೆಗಳಿಗೆ ಸರ್ಕಾರದ ಪೂರ್ವಾನುಮತಿ ಬೇಕೆಂದು ಅದು ವಿಧಿಸಿತು. ಅನುಮತಿ ಬೇಡುವವನು ತನ್ನ ಉದ್ದೇಶ ರಾಜಕೀಯವಲ್ಲವೆಂದು ಮೊದಲು ತೋರಿಸಿಕೊಡಬೇಕಾಗಿದ್ದಿತು. ನಮ್ಮ ನಾಲ್ಕು ತಾಲ್ಲೂಕುಗಳ ಸ್ಥಿತಿ ಇನ್ನಷ್ಟು ತೊಡಕಿನದು. ಇವೆಲ್ಲ ರಾಯಚೂರು ಜಿಲ್ಲೆಗೆ ಸೇರಿದ್ದವಾದರೂ ಕೊಪ್ಪಳ ಮತ್ತು ಯಲಬುರ್ಗಾ ಸಾಲಾರಜಂಗರ ಜಾಗೀರು. ಗಂಗಾವತಿ ಮತ್ತು ಕುಷ್ಟಗಿ ನೇರವಾಗಿ ಸರ್ಕಾರದ ದಿವಾನಿ ಆಡಳಿತಕ್ಕೆ ಒಳಪಟ್ಟವು. ಗಂಗಾವತಿಯ ಮಗ್ಗುಲಲ್ಲಿಯೇ ಆನೆಗೊಂದಿಯ ಸಂಸ್ಥಾನ. ಜಾಗೀರಿನ ರೈತನಿಗೆ ಮೇಲೆ ನಿಜಾಮರು, ನಡುವೆ ನವಾಬರು, ಬಾಗಿಲಲ್ಲಿ ಅವರ ನೌಕರರು. ಇಂಥವನಿಗೆ "ಅರಸನಿಗೆ ಸೇರದ" ವಿಷಯ ಯಾವುದು? ಬಿಟ್ಟಿ ಬೇಗಾರಿಯ ಮಾತೆತ್ತಿದರೆ ಅದನ್ನು ಮಾಡಿಸಿಕೊಳ್ಳುವ ಅಧಿಕಾರಿಗೆ ತಗಲುತ್ತದೆ. ಮಕ್ಕಳಿಗೆ ಕನ್ನಡದಲ್ಲಿ ಶಾಲೆ ಬೇಕೆಂದರೆ ಸರ್ಕಾರದ ಭಾಷಾನೀತಿಗೆ ತಗಲುತ್ತದೆ. ೧೯೧೮ರಲ್ಲಿ ಸ್ಥಾಪನೆಯಾದ ಉಸ್ಮಾನಿಯಾ ವಿಶ್ವವಿದ್ಯಾಲಯದ ಬೋಧನೆ ಉರ್ದುವಿನಲ್ಲಿ ನಡೆಯುತ್ತಿದ್ದಿತೆಂಬುದನ್ನು ಇಲ್ಲಿ ನೆನೆಯಬೇಕು. ರಾಜಕೀಯವಲ್ಲದ ಸಾರ್ವಜನಿಕ ವಿಷಯವನ್ನು ಹುಡುಕಿ ತೆಗೆಯುವುದು ಅಂದು ಸುಲಭವಾದ ಕೆಲಸವಾಗಿರಲಿಲ್ಲ.

ಆದರೂ ಕೆಲಸಗಳು ನಡೆದವು. ಕನ್ನಡ ಸಾಹಿತ್ಯ ಸಮ್ಮೇಳನವು ೧೯೨೮ರಲ್ಲಿ ಬಿ. ಎಂ. ಶ್ರೀಕಂಠಯ್ಯನವರ ಅಧ್ಯಕ್ಷತೆಯಲ್ಲಿ ಕಲಬುರ್ಗಿಯಲ್ಲಿಯೂ, ಸುತ್ತೋಲೆ ಬಂದ ಬಳಿಕ ೧೯೩೪ರಲ್ಲಿ ಪಂಜೆ ಮಂಗೇಶರಾಯರ ಅಧ್ಯಕ್ಷತೆಯಲ್ಲಿ ರಾಯಚೂರಿನಲ್ಲಿಯೂ ಸೇರಿತು. ರಾಜಕೀಯ ಪರಿಷತ್ತೊಂದನ್ನು ಸೇರಿಸಲಾಗದ ನಾಡಿನಲ್ಲಿ ಬ್ರಿಟಿಷ್ ಪ್ರಾಂತಗಳ ಹಾಗೂ ಮೈಸೂರಿನ ಕನ್ನಡಿಗರು ಬಂದು ಸಂಸ್ಥಾನದ ಕನ್ನಡಿಗರ ಜೊತೆಯಲ್ಲಿ ಕುಳಿತರು. ಏಕೀಕರಣದ ಚರಿತ್ರೆಯನ್ನು ಬರೆಯುವವರು ಇದನ್ನು ಮರೆಯುವುದಿಲ್ಲ. ವಿಮೋಚನೆಯ ಚರಿತ್ರೆಯನ್ನು ಬರೆಯುವವರು ಮಾತ್ರ "ಸಾಂಸ್ಕೃತಿಕ" ಅಧ್ಯಾಯಕ್ಕೆ ಸೇರಿಸಿ ಮುಗಿಸುತ್ತಾರೆ. ನೆರೆಯ ತೆಲುಗು ಜಿಲ್ಲೆಗಳ ಉದಾಹರಣೆ ಇನ್ನೂ ಸ್ಪಷ್ಟವಾದುದು. ೧೯೩೦ರಲ್ಲಿ ಜೋಗಿಪೇಟೆಯಲ್ಲಿ ಮೊದಲ ಬಾರಿಗೆ ಸೇರಿದ ಆಂಧ್ರ ಮಹಾಸಭೆ ಶಿಕ್ಷಣ, ಗ್ರಂಥಾಲಯ, ಸಮಾಜಸುಧಾರಣೆಗಳ ಸಂಸ್ಥೆಯಾಗಿ ಹೊರಟಿತು. ಅದೇ ಸಭೆ ೧೯೪೪ರಲ್ಲಿ ಭುವನಗಿರಿಯಲ್ಲಿ ಸೇರಿದಾಗ ಕಮ್ಯುನಿಸ್ಟರ ಕೈಗೆ ಬಂದು ಒಡೆಯಿತು. ಹದಿನಾಲ್ಕು ವರ್ಷಗಳಲ್ಲಿ ಅದರ ಹೆಸರು ಬದಲಾಗಲಿಲ್ಲ. ಅದು ಯಾವ ದಿನ "ರಾಜಕೀಯೇತರ"ವಾಗಿರುವುದನ್ನು ಬಿಟ್ಟಿತೆಂದು ಗೆರೆ ಎಳೆದು ತೋರಿಸಬಲ್ಲವರಾರು?

ಗೆರೆ ಎಳೆಯುವ ಅಧಿಕಾರ ಯಾರಿಗಿದ್ದಿತೆಂಬುದೇ ಇಲ್ಲಿ ಮುಖ್ಯವಾದ ಪ್ರಶ್ನೆ. ೧೯೩೮ರ ಸೆಪ್ಟೆಂಬರಿನಲ್ಲಿ ಹೈದರಾಬಾದ್ ಸ್ಟೇಟ್ ಕಾಂಗ್ರೆಸ್ಸು ವಿಧ್ಯುಕ್ತವಾಗಿ ಸ್ಥಾಪನೆಯಾಗುವುದಕ್ಕೆ ಮೊದಲೇ ಸರ್ಕಾರವು ಅದನ್ನು ನಿಷೇಧಿಸಿತು. ಅದು ನಿಜವಾದ ರಾಜಕೀಯ ಸಂಸ್ಥೆಯೇ ಅಲ್ಲ, ಮತೀಯ ಸಂಸ್ಥೆ ಎಂಬುದು ಸರ್ಕಾರದ ಆಕ್ಷೇಪಣೆಯಾಗಿದ್ದಿತು. ಅದೇ ವರ್ಷದ ಕೊನೆಯಲ್ಲಿ ಉಸ್ಮಾನಿಯಾದ ವಿದ್ಯಾರ್ಥಿಗಳು ವಸತಿಗೃಹದ ಪ್ರಾರ್ಥನೆಯಲ್ಲಿ ವಂದೇ ಮಾತರಂ ಹಾಡಿದರು. ಅವರ ಪಾಲಿಗೆ ಅದು ಪ್ರಾರ್ಥನೆ. ಅಧಿಕಾರಿಗಳ ಪಾಲಿಗೆ ಅದು ರಾಜಕೀಯ. ಹೊರಬಿದ್ದ ವಿದ್ಯಾರ್ಥಿಗಳಲ್ಲಿ ಅನೇಕರಿಗೆ ನಾಗಪುರ ವಿಶ್ವವಿದ್ಯಾಲಯ ಆಶ್ರಯ ಕೊಟ್ಟಿತು. ರಾಜಕೀಯ ಎಂದವರನ್ನು ಮತೀಯರೆಂದೂ, ಪ್ರಾರ್ಥನೆ ಎಂದವರನ್ನು ರಾಜಕೀಯದವರೆಂದೂ ಒಂದೇ ಸರ್ಕಾರ ಒಂದೇ ವರ್ಷದಲ್ಲಿ ಕರೆಯಿತು.

ಆರ್ಯಸಮಾಜದ ಪ್ರಸಂಗ ಇದಕ್ಕಿಂತಲೂ ಬೋಧಪ್ರದವಾದುದು. ೧೯೩೮-೩೯ರಲ್ಲಿ ಆ ಸಮಾಜವು ಸಂಸ್ಥಾನದಲ್ಲಿ ನಡೆಸಿದ ಸತ್ಯಾಗ್ರಹದ ಬೇಡಿಕೆಗಳು ಧಾರ್ಮಿಕ ಸ್ವಾತಂತ್ರ್ಯಕ್ಕೆ ಸಂಬಂಧಿಸಿದವು. ತಮ್ಮದು ಧಾರ್ಮಿಕ ಹೋರಾಟ, ರಾಜಕೀಯವಲ್ಲ ಎಂದು ನಾಯಕರು ಸಾರಿದರು. ಸರ್ಕಾರ ಅದನ್ನು ನಂಬಲಿಲ್ಲ. ಸ್ವತಂತ್ರ ಭಾರತದ ಸರ್ಕಾರವು ಸ್ವಾತಂತ್ರ್ಯ ಯೋಧರ ಪಿಂಚಣಿಗೆ ಅರ್ಹವಾದ ಚಳವಳಿಗಳ ಪಟ್ಟಿಯನ್ನು ಮಾಡಿದಾಗ ಈ ಸತ್ಯಾಗ್ರಹವೂ ಅದರೊಳಗೆ ಸೇರಿತು. ನಿಜಾಮರ ಅಧಿಕಾರಿಗಳು ತಿರಸ್ಕಾರದಿಂದ ಹೇಳಿದ್ದನ್ನೇ ನಮ್ಮ ಸರ್ಕಾರ ಗೌರವದಿಂದ ಒಪ್ಪಿಕೊಂಡಂತಾಯಿತು. ಇವೆರಡರ ನಡುವೆ ಚಳವಳಿಗಾರರ ಸ್ವಂತ ಮಾತು ಎಲ್ಲಿಯೋ ಉಳಿದುಹೋಯಿತು.

ಇದರಿಂದ, ವಾಚನಾಲಯಗಳೂ ಸಮ್ಮೇಳನಗಳೂ ಬರಿಯ ಮುಖವಾಡಗಳಾಗಿದ್ದವು, ಒಳಗೆ ಇದ್ದುದೆಲ್ಲ ರಾಜಕೀಯವೇ ಎಂದು ಹೇಳಹೊರಟರೆ ಅದೂ ಅತಿರೇಕವಾದೀತು. ಕೆಲವರು ಈಗ ಹಾಗೆ ಬರೆಯುತ್ತಲೂ ಇದ್ದಾರೆ. ಪುಸ್ತಕ ಓದಲೆಂದೇ ಬಂದವನು ಪುಸ್ತಕವನ್ನೇ ಓದಿ ಹೋಗಿರಬಹುದು. ಪಂಜೆಯವರ ಭಾಷಣವನ್ನು ಕೇಳಬಂದವನಿಗೆ ಸಾಹಿತ್ಯದಲ್ಲಿಯೇ ಆಸಕ್ತಿಯಿದ್ದಿರಬಹುದು. ಅವರ ಮನಸ್ಸಿನೊಳಗಿದ್ದುದನ್ನು ನಾವು ಅಳೆಯಲಾರೆವು. ಅಳೆಯಬಹುದಾದದ್ದು ಶಬ್ದದ ಸಂದರ್ಭವನ್ನು ಮಾತ್ರ. "ರಾಜಕೀಯೇತರ" ಎಂಬುದು ಅಂದು ಅರ್ಜಿದಾರನ ಶಬ್ದ. ಅನುಮತಿ ಕೊಡುವವನ ಭಯವೇನೆಂಬುದನ್ನು ಅದು ನಮಗೆ ನಿಚ್ಚಳವಾಗಿ ತಿಳಿಸುತ್ತದೆ; ಅನುಮತಿ ಬೇಡಿದವನ ಕಾರ್ಯವೇನೆಂಬುದನ್ನು ಬಹಳ ಕಡಿಮೆ ತಿಳಿಸುತ್ತದೆ. ಅರ್ಜಿಯ ಭಾಷೆಯನ್ನು ತೆಗೆದು ಚರಿತ್ರೆಯ ಅಧ್ಯಾಯಕ್ಕೆ ಶೀರ್ಷಿಕೆ ಮಾಡಿದಾಗ, ಗಶ್ತಿ ೫೩ನ್ನು ರದ್ದಾದ ಎಷ್ಟೋ ವರ್ಷಗಳ ಮೇಲೆ ನಾವೇ ಜಾರಿಯಲ್ಲಿಟ್ಟಂತಾಗುತ್ತದೆ. ಹಾಗೆ ಮಾಡಿದುದರ ಫಲವಾಗಿ ಶಾಲಾಮಾಸ್ತರರು, ವಾಚನಾಲಯ ನಡೆಸಿದವರು, ನಾಡಹಬ್ಬಕ್ಕೆ ಚಂದಾ ಎತ್ತಿದವರು ನಮ್ಮ ಹೋರಾಟದ ಚರಿತ್ರೆಯಿಂದ ಹೊರಗುಳಿದಿದ್ದಾರೆ. ಬಂದೂಕು ಹಿಡಿದವರೂ ಸೆರೆಮನೆ ಕಂಡವರೂ ಮಾತ್ರ ಒಳಗಿದ್ದಾರೆ.

೧೯೪೬ರಲ್ಲಿ ಸ್ಟೇಟ್ ಕಾಂಗ್ರೆಸ್ಸಿನ ಮೇಲಿನ ನಿಷೇಧ ತೆಗೆಯಲ್ಪಟ್ಟಿತು. ೧೯೪೭-೪೮ರಲ್ಲಿ ನಮ್ಮ ಸೀಮೆಯ ಗಡಿಗೆ ಹೊಂದಿದ ಮುಂಡರಗಿ, ಗಜೇಂದ್ರಗಡಗಳಲ್ಲಿ ಶಿಬಿರಗಳು ನಡೆದವು. ಅಳವಂಡಿ ಶಿವಮೂರ್ತಿಸ್ವಾಮಿಗಳು, ಪುಂಡಲೀಕಪ್ಪ ಜ್ಞಾನಮೋಠೆಯವರು ಅವುಗಳ ಮುಂದಾಳುಗಳಾಗಿದ್ದರು. ೧೯೪೮ರ ಸೆಪ್ಟೆಂಬರಿನಲ್ಲಿ ಸಂಸ್ಥಾನ ಭಾರತದಲ್ಲಿ ಸೇರಿಹೋಯಿತು. ಈ ಕಥೆ ಎಲ್ಲರಿಗೂ ತಿಳಿದುದೇ. ನಮ್ಮ ವಿಷಯಕ್ಕೆ ಬೇಕಾದದ್ದು ಇದರ ಮುಂದಿನ ಭಾಗ.

೧೯೫೨ರ ಮೊದಲ ಮಹಾಚುನಾವಣೆಯಲ್ಲಿ ಕುಷ್ಟಗಿ ಲೋಕಸಭಾ ಕ್ಷೇತ್ರದಿಂದ ಗೆದ್ದುಬಂದವರು ಶಿವಮೂರ್ತಿಸ್ವಾಮಿಗಳೇ. ಆದರೆ ಕಾಂಗ್ರೆಸ್ಸಿನವರಾಗಿ ಅಲ್ಲ, ಸ್ವತಂತ್ರ ಅಭ್ಯರ್ಥಿಯಾಗಿ. ಆಳುವ ಪಕ್ಷದ ಅಲೆ ದೇಶದಾದ್ಯಂತ ಬೀಸುತ್ತಿದ್ದಾಗ ಈ ಹಿಂದುಳಿದ ಸೀಮೆ ಪಕ್ಷವಿಲ್ಲದವರೊಬ್ಬರನ್ನು ದಿಲ್ಲಿಗೆ ಕಳುಹಿಸಿತು. ೧೯೫೭ರಲ್ಲಿ ಕ್ಷೇತ್ರಕ್ಕೆ ಕೊಪ್ಪಳವೆಂಬ ಹೆಸರಾಗಿ ಕಾಂಗ್ರೆಸ್ಸಿಗೆ ಸಂದಿತು. ೧೯೬೨ರಲ್ಲಿ ಅವರು ಮತ್ತೆ ಗೆದ್ದರು, ಈ ಸಲ ಲೋಕಸೇವಕ ಸಂಘದ ಹೆಸರಿನಲ್ಲಿ. ಈ ಹೆಸರನ್ನು ಗಮನಿಸಬೇಕು. ಗಾಂಧೀಜಿಯವರು ೧೯೪೮ರ ಜನವರಿ ೨೯ರಂದು, ಎಂದರೆ ತಮ್ಮ ಮರಣದ ಹಿಂದಿನ ದಿನ, ಬರೆದ ಕರಡಿನಲ್ಲಿ ಕಾಂಗ್ರೆಸ್ಸನ್ನು ವಿಸರ್ಜಿಸಿ ಲೋಕಸೇವಕ ಸಂಘವಾಗಿ ಮಾರ್ಪಡಿಸಬೇಕೆಂದು ಸೂಚಿಸಿದ್ದರು. ಅಧಿಕಾರದ ಪೈಪೋಟಿಯಿಂದ ದೂರವಿರಬೇಕಾದ ಸಂಘಕ್ಕೆ ಅವರಿಟ್ಟ ಹೆಸರು ೧೯೬೨ರ ಚುನಾವಣೆಯಲ್ಲಿ ಪೈಪೋಟಿಯ ಒಂದು ಪಕ್ಷದ ಹೆಸರಾಗಿ ಕಾಣಿಸಿಕೊಂಡಿತು. ಇದನ್ನು ಅಣಕವೆನ್ನಲು ನನಗೆ ಮನಸ್ಸಿಲ್ಲ. ಚುನಾವಣೆಯೆಂಬುದು ನಿಲ್ಲುವವನಿಂದ ಒಂದು ಹೆಸರನ್ನು ಕೇಳುತ್ತದೆ. ಪಕ್ಷಗಳನ್ನು ಒಪ್ಪದವನೂ ಯಾವುದಾದರೊಂದು ಹೆಸರನ್ನು ಕೊಡಲೇಬೇಕಾಗುತ್ತದೆ.

"ಸ್ವತಂತ್ರ ಅಭ್ಯರ್ಥಿ" ಮತ್ತು "ಪಕ್ಷೇತರ ಅಭ್ಯರ್ಥಿ" ಎಂಬ ಎರಡು ರೂಪಗಳೂ ನಮ್ಮಲ್ಲಿ ಬಳಕೆಯಲ್ಲಿವೆ. ಮೊದಲನೆಯದು ಹೃದ್ಯವಾದುದು, ಸ್ವಾತಂತ್ರ್ಯದ ಹೋರಾಟ ಮುಗಿದ ನಾಲ್ಕೇ ವರ್ಷಗಳಲ್ಲಿ ಆ ಹೋರಾಟದವರೊಬ್ಬರು ಸ್ವತಂತ್ರರಾಗಿ ನಿಂತರೆಂಬುದರಲ್ಲಿ ಒಂದು ಸೊಗಸಿದೆ. ಆದರೆ ೧೯೫೯ರಲ್ಲಿ ರಾಜಾಜಿಯವರು ಸ್ವತಂತ್ರ ಪಕ್ಷವನ್ನು ಕಟ್ಟಿದ ಮೇಲೆ "ಸ್ವತಂತ್ರ ಅಭ್ಯರ್ಥಿ" ಎಂದರೆ ಪಕ್ಷವಿಲ್ಲದವನೋ ಆ ಪಕ್ಷದವನೋ ಎಂಬ ಸಂಶಯಕ್ಕೆ ಎಡೆಯಾಯಿತು. "ಪಕ್ಷೇತರ"ಕ್ಕೆ ಆ ತೊಂದರೆಯಿಲ್ಲ. ಈ ಗುಂಪಿನ ಶಬ್ದಗಳಲ್ಲಿ ಅತ್ಯಂತ ಪ್ರಾಮಾಣಿಕವಾದುದು ಇದೇ ಎಂದು ನನ್ನ ಅಭಿಪ್ರಾಯ. ನಾನು ರಾಜಕೀಯದಲ್ಲಿದ್ದೇನೆ, ಪಕ್ಷದಲ್ಲಿಲ್ಲ, ಎಂದು ಅದು ನೇರವಾಗಿ ಹೇಳುತ್ತದೆ. ಅದಕ್ಕೆ ಕಾನೂನಿನ ಬೆಲೆಯೂ ಉಂಟು. ೧೯೮೫ರಲ್ಲಿ ಸಂವಿಧಾನಕ್ಕೆ ಸೇರಿದ ಹತ್ತನೆಯ ಅನುಸೂಚಿಯಂತೆ ಪಕ್ಷೇತರನಾಗಿ ಗೆದ್ದವನು ಮುಂದೆ ಯಾವುದಾದರೂ ಪಕ್ಷವನ್ನು ಸೇರಿದರೆ ಸದಸ್ಯತ್ವಕ್ಕೆ ಅನರ್ಹನಾಗುತ್ತಾನೆ. ರಾಜಕೀಯಾತೀತನೆಂದು ಸಾರಿಕೊಂಡವನು ಮಾತು ತಪ್ಪಿದರೆ ಇಂಥ ದಂಡವೇನೂ ಇಲ್ಲ.

ಪ್ರಾಚೀನರು ಈ ವಿಷಯದಲ್ಲಿ ನಮಗಿಂತ ಖಚಿತವಾಗಿದ್ದರು. ಮೈಸೂರಿನ ಆರ್. ಶಾಮಶಾಸ್ತ್ರಿಗಳು ೧೯೦೯ರಲ್ಲಿ ಪ್ರಕಟಿಸಿದ ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ, ರಾಜಮಂಡಲವನ್ನು ವಿವರಿಸುವಾಗ, ಶತ್ರು ಮಿತ್ರರಲ್ಲದೆ "ಮಧ್ಯಮ" ಮತ್ತು "ಉದಾಸೀನ" ಎಂಬ ಇಬ್ಬರು ರಾಜರ ಮಾತು ಬರುತ್ತದೆ. ಉದಾಸೀನನೆಂದರೆ ಇಂದಿನ ಆಡುಮಾತಿನ ಉದಾಸೀನನಲ್ಲ, ಯಾವುದರಲ್ಲಿಯೂ ಆಸಕ್ತಿಯಿಲ್ಲದವನಲ್ಲ. ಅವನು ಎಲ್ಲರಿಗಿಂತ ಬಲಿಷ್ಠನಾಗಿ, ಜಗಳಕ್ಕೆ ಹೊರಗಿದ್ದು, ಬೇಕಾದವರನ್ನು ಎತ್ತಲೂ ಬೇಡವಾದವರನ್ನು ಅಡಗಿಸಲೂ ಸಮರ್ಥನಾದವನು. ಹೊರಗಿರುವುದೂ ಒಂದು ನೆಲೆಯೇ, ಅದಕ್ಕೂ ಶಕ್ತಿ ಬೇಕು, ಅದರಿಂದಲೂ ಪರಿಣಾಮವುಂಟು ಎಂಬುದನ್ನು ಅರ್ಥಶಾಸ್ತ್ರಕಾರನು ಬಲ್ಲ. "ತಟಸ್ಥ"ನೆಂಬ ನಮ್ಮ ಶಬ್ದದಲ್ಲಿಯೂ ಇದರ ಛಾಯೆಯಿದೆ: ದಡದ ಮೇಲೆ ನಿಂತವನಿಗೆ ಹೊಳೆಯ ಸೆಳೆತವಿಲ್ಲ, ಆದರೆ ಅವನು ನಿಂತಿರುವುದು ಹೊಳೆಯ ದಡದಲ್ಲಿಯೇ.

೧೯೫೦ರ ದಶಕದಲ್ಲಿ ಈ ಶಬ್ದಗಳಿಗೆ ಇನ್ನೊಂದು ಕಡೆಯಿಂದ ಘನತೆ ಬಂದಿತು. ವಿನೋಬಾಜಿಯವರು ರಾಜನೀತಿಗೆ ಪ್ರತಿಯಾಗಿ "ಲೋಕನೀತಿ" ಎಂಬ ಶಬ್ದವನ್ನು ಬಳಕೆಗೆ ತಂದರು. ೧೯೫೭ರ ಸೆಪ್ಟೆಂಬರಿನಲ್ಲಿ ಮೈಸೂರಿನ ಹತ್ತಿರದ ಯಲವಾಳದಲ್ಲಿ ಗ್ರಾಮದಾನವನ್ನು ಕುರಿತು ನಾನಾ ಪಕ್ಷಗಳ ಮುಖಂಡರು ಅವರೊಡನೆ ಸೇರಿ ಆಲೋಚಿಸಿದರು. ಜಯಪ್ರಕಾಶ ನಾರಾಯಣರು ಪಕ್ಷರಹಿತ ಪ್ರಜಾಪ್ರಭುತ್ವದ ಯೋಜನೆಯನ್ನು ಮುಂದಿಟ್ಟರು. ಈ ವಿಚಾರಧಾರೆಯ ಒಂದು ಅಂಶ ಕರ್ನಾಟಕದ ೧೯೯೩ರ ಪಂಚಾಯತ್ ರಾಜ್ ಅಧಿನಿಯಮದಲ್ಲಿ ಕಾಣುತ್ತದೆ. ಗ್ರಾಮ ಪಂಚಾಯತಿಯ ಚುನಾವಣೆ ಪಕ್ಷರಹಿತವಾಗಿ ನಡೆಯಬೇಕು. ಫಲಿತಾಂಶ ಬಂದ ಮರುದಿನವೇ ಪತ್ರಿಕೆಗಳು ಇಂಥ ಪಕ್ಷದ "ಬೆಂಬಲಿತ"ರು ಇಷ್ಟು ಮಂದಿ ಗೆದ್ದರೆಂದು ಲೆಕ್ಕ ಕೊಡುತ್ತವೆ. "ಬೆಂಬಲಿತ" ಎಂಬ ಈ ಒಂದು ವಿಶೇಷಣ ಕನ್ನಡ ಪತ್ರಿಕೋದ್ಯಮದ ಜಾಣ್ಮೆಗೆ ಸಾಕ್ಷಿ. ಕಾನೂನನ್ನು ಮುರಿಯದೆ ನಿಜವನ್ನು ಹೇಳುತ್ತದೆ. ಹಳ್ಳಿಯವರಿಗಂತೂ ಅದೂ ಬೇಕಾಗಿಲ್ಲ. "ಊರಾಗ ಎರಡು ಪಾರ್ಟಿ ಅದಾವ" ಎಂದು ಯಲಬುರ್ಗಾ ಕಡೆಯ ರೈತ ಹೇಳಿದರೆ, ಆ ಪಾರ್ಟಿಗಳು ದಿಲ್ಲಿ ಬೆಂಗಳೂರುಗಳಲ್ಲಿ ಹುಟ್ಟಿದವಲ್ಲ. ಮನೆತನ, ಓಣಿ, ಹೊಲದ ಬದು ಇವುಗಳಿಂದ ಹುಟ್ಟಿದವು. "ನಮಗ್ಯಾಕ ಬೇಕ್ರಿ ರಾಜಕೀಯ" ಎನ್ನುವವನೂ ಆ ಎರಡರಲ್ಲಿ ಒಂದಕ್ಕೆ ಸೇರಿದವನೇ ಆಗಿರುತ್ತಾನೆ.

ಗೆರೆ ಎಳೆಯುವ ಅಧಿಕಾರದ ಪ್ರಶ್ನೆ ನಿಜಾಮರ ಜೊತೆಗೆ ಹೋಗಿಲ್ಲವೆಂಬುದನ್ನೂ ಹೇಳಬೇಕು. ಸರ್ಕಾರಿ ನೌಕರರು ಯಾವ ರಾಜಕೀಯ ಪಕ್ಷಕ್ಕೂ ಸೇರಬಾರದೆಂಬ ನಿಯಮ ಸರಿಯಾದುದೇ. ಬೇರೆ ಕೆಲವು ಪ್ರಜಾಪ್ರಭುತ್ವಗಳಲ್ಲಿಯೂ ಅಂಥದೊಂದು ಕಟ್ಟುಪಾಡು ಇರುತ್ತದೆ. ಆದರೆ ಕೇಂದ್ರ ಸರ್ಕಾರದ ೧೯೬೪ರ ನಡತೆ ನಿಯಮಗಳ ಐದನೆಯ ನಿಯಮದಲ್ಲಿ ಒಂದು ಉಪನಿಯಮವಿದೆ. ಒಂದು ಸಂಸ್ಥೆ ರಾಜಕೀಯದಲ್ಲಿ ಭಾಗವಹಿಸುತ್ತದೆಯೋ ಇಲ್ಲವೋ ಎಂಬ ಪ್ರಶ್ನೆ ಎದ್ದರೆ ಸರ್ಕಾರದ ತೀರ್ಮಾನವೇ ಅಂತಿಮ ಎಂದು ಅದರ ತಾತ್ಪರ್ಯ. ಪ್ರಜೆಗಳು ಆರಿಸಿದ ಸರ್ಕಾರದ ನಿಯಮವನ್ನು ೧೯೨೯ರ ಸುತ್ತೋಲೆಯ ಪಕ್ಕದಲ್ಲಿ ಇಟ್ಟು ಸಮ ಎನ್ನುವುದು ನ್ಯಾಯವಲ್ಲ. ಮೇಲ್ಮನವಿಗೆ ಇಂದು ನ್ಯಾಯಾಲಯಗಳಿವೆ. ಆದರೂ ಶಬ್ದದ ಅರ್ಥವನ್ನು ನಿಘಂಟು ಕೊಡುವುದಿಲ್ಲ, ಅಧಿಕಾರ ಕೊಡುತ್ತದೆ ಎಂಬಷ್ಟು ಮಟ್ಟಿಗೆ ಹೋಲಿಕೆ ನಿಲ್ಲುತ್ತದೆ.

"ಪಕ್ಷಾತೀತ"ದ ಬಗ್ಗೆ ಎರಡು ಮಾತು. ಇದನ್ನು ನಮ್ಮ ಸೀಮೆ ಸಾರ್ಥಕವಾಗಿ ಬಳಸಿದ ಒಂದು ಸಂದರ್ಭವುಂಟು. ಆಂಧ್ರಕ್ಕೆ ೧೯೭೩ರಲ್ಲಿ ದೊರೆತ ೩೭೧ (ಡಿ) ವಿಧಿಯ ಮಾದರಿಯಲ್ಲಿ ಹೈದರಾಬಾದ್ ಕರ್ನಾಟಕಕ್ಕೂ ವಿಶೇಷ ಸ್ಥಾನಮಾನ ಬೇಕೆಂಬ ಹೋರಾಟ ಹಲವು ವರ್ಷ ನಡೆದು, ೨೦೧೨ರಲ್ಲಿ ಸಂಸತ್ತು ಅಂಗೀಕರಿಸಿದ ೯೮ನೆಯ ತಿದ್ದುಪಡಿಯಿಂದ ೩೭೧ (ಜೆ) ವಿಧಿಯಾಗಿ ಫಲಿಸಿತು. ಅದರಲ್ಲಿ ಬೇರೆ ಬೇರೆ ಪಕ್ಷಗಳವರು ತಮ್ಮ ಪಕ್ಷಗಳನ್ನು ಬಿಡದೆಯೇ ಒಂದು ಬೇಡಿಕೆಗೆ ಕೂಡಿದರು. ಪಕ್ಷಗಳು ಇದ್ದು, ಒಂದು ಕೆಲಸದ ಮಟ್ಟಿಗೆ ಅವುಗಳನ್ನು ದಾಟಿದರೆ ಪಕ್ಷಾತೀತವೆನ್ನುವುದು ಸಲ್ಲುತ್ತದೆ. ಒಂದೇ ಪಕ್ಷದವರು ಸೇರಿದ ವೇದಿಕೆಯ ಮೇಲೆ, ಆಹ್ವಾನಪತ್ರಿಕೆಯಲ್ಲಿ ಅಚ್ಚಾಗಿದೆ ಎಂಬ ಕಾರಣಕ್ಕೆ, ಅದೇ ಶಬ್ದವನ್ನು ಹತ್ತು ಸಲ ಹೇಳುವುದನ್ನೂ ನಾವು ಕೇಳಿದ್ದೇವೆ.

ಆದುದರಿಂದ ಸಂಶೋಧಕ ವಿದ್ಯಾರ್ಥಿಗಳಿಗೆ ಒಂದೆರಡು ಸೂಚನೆಗಳನ್ನು ಮಾಡಬಹುದು. ೧೯೪೮ಕ್ಕೆ ಹಿಂದಿನ ಸಂಸ್ಥೆಯೊಂದನ್ನು ವರ್ಣಿಸುವಾಗ "ರಾಜಕೀಯೇತರವಾಗಿದ್ದಿತು" ಎಂದು ತಮ್ಮ ಮಾತಾಗಿ ಬರೆಯದೆ, "ರಾಜಕೀಯೇತರವೆಂದು ಹೇಳಿಕೊಂಡಿತು" ಎಂದೋ "ರಾಜಕೀಯೇತರವೆಂಬ ಷರತ್ತಿನ ಮೇಲೆ ಅನುಮತಿ ಪಡೆಯಿತು" ಎಂದೋ ದಾಖಲೆಗೆ ತಕ್ಕಂತೆ ಬರೆಯಬೇಕು. ಯಾರು, ಯಾರ ಮುಂದೆ, ಯಾವ ಭಾಷೆಯಲ್ಲಿ ಹಾಗೆ ಹೇಳಿದರೆಂಬುದನ್ನು ಗುರುತಿಸಬೇಕು. ಮೂಲದಲ್ಲಿ ಗೈರ್ ಸಿಯಾಸಿ ಎಂದಿದ್ದರೆ ಅದನ್ನು ಹಾಗೆಯೇ ಉಳಿಸಿ ಅರ್ಥವನ್ನು ಪಕ್ಕದಲ್ಲಿ ಕೊಡುವುದು ಲೇಸು. "ರಾಜಕೀಯಾತೀತ"ವನ್ನು ಚರಿತ್ರೆಯ ಬರವಣಿಗೆಯಿಂದ ಬಿಟ್ಟುಬಿಡುವುದೇ ಒಳ್ಳೆಯದು. ಇನ್ನು ಆ ಎರಡು ಅಧ್ಯಾಯಗಳ ವಿಭಜನೆ. ಕೊಪ್ಪಳ ೧೯೯೭ರಲ್ಲಿ ಪ್ರತ್ಯೇಕ ಜಿಲ್ಲೆಯಾದಂದಿನಿಂದ ಅದರ ಚರಿತ್ರೆಯನ್ನು ಬೇರೆಯಾಗಿ ಬರೆಯುವ ಪ್ರಯತ್ನಗಳು ಆ ವಿಭಜನೆಯನ್ನು ರಾಯಚೂರಿನ ಚರಿತ್ರೆಯಿಂದ ಹಾಗೆಯೇ ಎತ್ತಿಕೊಂಡಿವೆ. ೧೯೨೯ರಿಂದ ೧೯೪೮ರವರೆಗಿನ ಒಂದೇ ಅಧ್ಯಾಯವನ್ನು ಮಾಡಿ, ರಾಯಚೂರಿನ ಸಮ್ಮೇಳನವನ್ನೂ ಮುಂಡರಗಿಯ ಶಿಬಿರವನ್ನೂ ಕಾಲಕ್ರಮದಲ್ಲಿ ಒಂದರ ಬಳಿಕ ಒಂದನ್ನು ಇಟ್ಟು ಬರೆಯಲು ಯಾರಾದರೂ ಕೈಹಾಕಿದರೆ, ಎರಡರಲ್ಲಿಯೂ ಕಾಣಿಸಿಕೊಳ್ಳುವ ವ್ಯಕ್ತಿಗಳು ಎಷ್ಟು ಮಂದಿ ಎಂಬ ಲೆಕ್ಕದಿಂದ ಮೊದಲುಮಾಡಬಹುದು.